ಬಿಳಿ ಬಾವುಟವನ್ನು ಕ್ಯಾಮೆರಾದಲ್ಲಿ ಹಿಡಿದ ರಾತ್ರಿ

2018ರ ಫೆಬ್ರವರಿ 9. ದಕ್ಷಿಣ ಕೊರಿಯಾದ ಪ್ಯೊಂಗ್‌ಚಾಂಗ್‌ನಲ್ಲಿ ಚಳಿಗಾಲದ ಒಲಿಂಪಿಕ್ಸ್ ಉದ್ಘಾಟನೆ. ರಾತ್ರಿ 8ಕ್ಕೆ ಶುರು, ನಾನು ಮಧ್ಯಾಹ್ನವೇ ಟ್ರೈಪಾಡ್ ಹೂಡಿ ನಿಂತಿದ್ದೆ. ಸ್ಟೇಡಿಯಂಗೆ ಚಾವಣಿಯೇ ಇಲ್ಲ. ಅಂಥ ಚಳಿಯಲ್ಲಿ ಬ್ಯಾಟರಿ ಬೇಗ ಇಳಿಯುತ್ತೆ. ಹಾಗಾಗಿ ಎರಡನ್ನು ಕೋಟಿನ ಒಳಜೇಬಿನಲ್ಲಿ ಮೈಗೆ ತಾಗುವಂತೆ ಇಟ್ಟುಕೊಂಡಿದ್ದೆ.

ಅವತ್ತು ಎಲ್ಲರೂ ಕಾಯುತ್ತಿದ್ದದ್ದು ಒಂದೇ ದೃಶ್ಯಕ್ಕೆ. ಉತ್ತರ, ದಕ್ಷಿಣ ಕೊರಿಯಾದ ಆಟಗಾರರು ಒಂದೇ ಬಾವುಟದಡಿ ಕೊನೆಯಲ್ಲಿ ಬರುವವರಿದ್ದರು. ಬಿಳಿ ಬಟ್ಟೆ, ಮೇಲೆ ನೀಲಿಯಲ್ಲಿ ಇಡೀ ಕೊರಿಯಾದ ನಕ್ಷೆ.

ಅದಕ್ಕೂ ಮೊದಲೇ ನಾನೊಂದು ತಪ್ಪು ಮಾಡಿದೆ. ಡೋಪಿಂಗ್ ಪ್ರಕರಣದಿಂದಾಗಿ ರಷ್ಯಾದ ಆಟಗಾರರಿಗೆ ತಮ್ಮ ದೇಶದ ಬಾವುಟ ಹಿಡಿಯುವಂತಿರಲಿಲ್ಲ. ಅವರ ಮುಂದೆ ಬಂದದ್ದು ಒಲಿಂಪಿಕ್ ಬಾವುಟ, ಅದೂ ಬಿಳಿಯೇ. ದೀಪದ ಬೆಳಕು ನೇರವಾಗಿ ಬಿದ್ದು ಬಟ್ಟೆಯೆಲ್ಲ ಸುಣ್ಣ ಬಳಿದ ಹಾಗೆ ಕಂಡಿತು. ಐದು ಬಳೆಗಳ ಬಣ್ಣ ಪೂರ್ತಿ ಪೇಲವ. ಲೆನ್ಸಿಗೆ ಬರುವ ಬೆಳಕನ್ನು ಹೆಚ್ಚು-ಕಡಿಮೆ ಮಾಡುವ ಐರಿಸ್ ಇಳಿಸುವಷ್ಟರಲ್ಲಿ ಬಾವುಟ ಮುಂದೆ ಹೋಗಿಬಿಟ್ಟಿತ್ತು. ಹೊಟ್ಟೆ ಉರಿಯಿತು. ಬಾವುಟವೇ ಸುದ್ದಿ ಆಗಿರುವಾಗ ಅದನ್ನೇ ಅಳಿಸಿಬಿಟ್ಟರೆ ಹೇಗೆ?

ಕೊರಿಯಾ ತಂಡ ಬರುವ ಮುಂಚೆಯೇ ಐರಿಸ್ ಒಂದು ಸ್ಟಾಪ್, ಅಂದರೆ ಬೆಳಕು ಅರ್ಧ ಆಗುವಷ್ಟು, ಇಳಿಸಿಕೊಂಡೆ. ಮುಖಗಳು ಕೊಂಚ ಕಪ್ಪಾದರೂ ಪರವಾಗಿಲ್ಲ ಅನ್ನಿಸಿತು. ಕೊರಿಯಾದ ಜಾನಪದ ಹಾಡು ಅರಿರಂಗ್ ಕೇಳಿಸಿತು. ದಕ್ಷಿಣದ ವೊನ್ ಯುನ್‌ಜಾಂಗ್, ಉತ್ತರದ ಹ್ವಾಂಗ್ ಚುಂಗ್‌ಗಮ್ ಒಟ್ಟಿಗೇ ಕೋಲು ಹಿಡಿದು ಬಂದರು. ನೀಲಿ ನಕ್ಷೆ ಅಂಚಿನ ಸಮೇತ ಸ್ಪಷ್ಟವಾಗಿ ಮೂಡಿತು. ಹಿಂದೆ ಬಂದವರೆಲ್ಲ ಬಿಳಿ ಕೋಟಿನಲ್ಲಿದ್ದರು. ಯಾರು ಉತ್ತರದವರು, ಯಾರು ದಕ್ಷಿಣದವರು ಅಂತ ನನಗೆ ಗೊತ್ತಾಗಲೇ ಇಲ್ಲ.

ಅಷ್ಟರಲ್ಲಿ ಹೆಡ್‌ಸೆಟ್‌ನಲ್ಲಿ ಡೈರೆಕ್ಟರ್ ಗಣ್ಯರ ಸಾಲು ಕೇಳಿದರು. ದಕ್ಷಿಣ ಕೊರಿಯಾದ ಆಗಿನ ಅಧ್ಯಕ್ಷ ಮೂನ್ ಜೇ-ಇನ್ ಹಿಂದಕ್ಕೆ ತಿರುಗಿ, ಉತ್ತರ ಕೊರಿಯಾದ ನಾಯಕ ಕಿಮ್ ಜಾಂಗ್-ಉನ್ ತಂಗಿ ಕಿಮ್ ಯೊ-ಜಾಂಗ್ ಕೈ ಕುಲುಕುತ್ತಿದ್ದರು. ಅಮೆರಿಕದ ಆಗಿನ ಉಪಾಧ್ಯಕ್ಷ ಮೈಕ್ ಪೆನ್ಸ್ ಕೂತೇ ಇದ್ದರು. ಕೈಕುಲುಕುವುದನ್ನಷ್ಟೇ ಝೂಮ್ ಮಾಡಿದರೆ ಒಂದು ಕಥೆ, ಕೂತವರನ್ನಷ್ಟೇ ತೋರಿಸಿದರೆ ಇನ್ನೊಂದು. ನಾನು ಝೂಮ್ ಮಾಡಲಿಲ್ಲ. ಎಲ್ಲರೂ ಒಂದೇ ಫ್ರೇಮಿನಲ್ಲಿ ಬರುವಂತೆ ಅಗಲವಾಗಿಯೇ ಹಿಡಿದೆ. ಇವತ್ತಿಗೂ ಅದೇ ಸರಿ ಅನ್ನುತ್ತೇನೆ.

ಝೂಮ್ ಮಾಡಿದ್ದು ಕೊನೆಯಲ್ಲಿ. ಎರಡೂ ಕಡೆಯ ಇಬ್ಬರು ಐಸ್ ಹಾಕಿ ಹುಡುಗಿಯರು ಒಂದೇ ಪಂಜು ಹಿಡಿದು ಕಡಿದಾದ ಮೆಟ್ಟಿಲು ಹತ್ತುತ್ತಿದ್ದರು. ಬ್ಯಾಟರಿ ಮುಗಿಯುವ ಸೂಚನೆ ಮಿನುಗುತ್ತಿತ್ತು. ಮೇಲೆ ಕಾಯುತ್ತಿದ್ದ ಫಿಗರ್ ಸ್ಕೇಟಿಂಗ್ ತಾರೆ ಯೂನಾ ಕಿಮ್‌ಗೆ ಜ್ವಾಲೆ ಸೇರುವ ತನಕ ಆ ಕೈಗಳನ್ನು ಬಿಡಲಿಲ್ಲ. ಆಮೇಲೆಯೇ ಒಳಜೇಬಿಗೆ ಕೈ ಹಾಕಿದ್ದು.