ಸುರತ್ಕಲ್‌ನಿಂದ ಕೋಲಾಡ್‌ಗೆ, ಎಂಜಿನ್ ಆಫ್ ಮಾಡಿಕೊಂಡು: ನನ್ನ ಅನುಭವ

ಮೂರು ವರ್ಷ ಎಲ್ಲರಿಂದ ಬೈಸಿಕೊಂಡ ಮೇಲೆ ಇದನ್ನು ಬರೆಯುತ್ತಿದ್ದೇನೆ. ನಮ್ಮದು ಮಂಗಳೂರು, ಹತ್ತು ಚಕ್ರದ ನಾಲ್ಕು ಲಾರಿ. ಹೋಗುವಾಗ ಚಾಲಿ ಅಡಿಕೆ, ಬರುವಾಗ ಸಿಕ್ಕಿದ್ದು. ಮುಂಬೈ ಹತ್ತಿರದ ಭಿವಂಡಿಗೆ, ಕೆಲವೊಮ್ಮೆ ಅಲ್ಲಿಂದ ಮುಂದೆ ವಾಪಿ, ಅಹಮದಾಬಾದ್‌ಗೆ. ಈಗ ಅದರಲ್ಲಿ ಎರಡು ಲಾರಿ ಖಾಯಂ ಆಗಿ, ಲಾರಿಯನ್ನೇ ಹೊರುವ ರೋ-ರೋ ರೈಲಿನಲ್ಲಿ ಹೋಗುತ್ತವೆ. ಉಳಿದೆರಡು ಮಳೆಗಾಲದಲ್ಲಿ ಮಾತ್ರ. ಲೆಕ್ಕ ಈಗ ಕೂಡಿ ಬರುತ್ತಿದೆ. ಕೂಡಿ ಬರುವವರೆಗೆ ಏನೇನಾಯಿತು ಅನ್ನುವುದನ್ನೇ ಹೇಳಬೇಕು, ಯಾಕೆಂದರೆ ನಮ್ಮ ಕಡೆ ಒಂದು ಸಲ ಲಾರಿ ಹತ್ತಿಸಿ, ಒಂದು ದಿನ ತಡವಾಯಿತು ಅಂತ ಬಿಟ್ಟವರೇ ಜಾಸ್ತಿ.

ರೋ-ರೋ ಏನು ಅಂತ ಲಾರಿಯವರಿಗೆ ವಿವರಿಸಬೇಕಾಗಿಲ್ಲ. ಲೋಡು ಸಮೇತ ಲಾರಿಯನ್ನು ಚಪ್ಪಟೆ ವ್ಯಾಗನ್ ಮೇಲೆ ಹತ್ತಿಸುವುದು, ಚಾಲಕ ಕ್ಯಾಬಿನ್‌ನಲ್ಲೇ ಕೂರುವುದು, ಆ ಕಡೆ ಇಳಿಸಿ ಹೊರಡುವುದು. ಕೊಂಕಣ ರೈಲ್ವೆಯಲ್ಲಿ 1999ರ ಜನವರಿ 26ರಂದು ಮಹಾರಾಷ್ಟ್ರದ ಕೋಲಾಡ್ ಮತ್ತು ಗೋವಾದ ವೆರ್ಣಾ ನಡುವೆ ಶುರುವಾಯಿತು, ಆಮೇಲೆ ಸುರತ್ಕಲ್‌ವರೆಗೆ ಬಂತು. 25 ವರ್ಷ ದಾಟಿದ ಸಂಗತಿ, ಹೊಸದೇನಲ್ಲ. ಆದರೂ ನಾನು ಶುರು ಮಾಡಿದಾಗ ನಮ್ಮ ಸ್ಟ್ಯಾಂಡಿನಲ್ಲಿ ಒಬ್ಬರು ಕೇಳಿದ್ದು ಹೀಗೆ: "ಚಕ್ರ ಇರುವ ಗಾಡಿಯನ್ನು ಇನ್ನೊಂದು ಗಾಡಿಯ ಮೇಲೆ ಹೊರಿಸಿ ದುಡ್ಡು ಕೊಡುವುದು ಯಾವ ಬುದ್ಧಿ ಮಾರಾಯ್ರೆ?"

ಅವರ ಮಾತಿನಲ್ಲಿ ಸತ್ಯ ಇಲ್ಲ ಅಂತಲ್ಲ. ನನ್ನ ಲಾರಿ ಲೋಡು ಸಮೇತ 28 ಟನ್ ಚಿಲ್ಲರೆ, ಅದರಲ್ಲಿ ಲಾರಿಯ ಸ್ವಂತ ತೂಕವೇ ಒಂಬತ್ತು ಹತ್ತು ಟನ್. ರೈಲಿಗೆ ಆ ತೂಕಕ್ಕೂ ಸೇರಿಸಿ ಕಟ್ಟಬೇಕು. ಕಂಟೇನರ್ ವ್ಯಾಪಾರ ಶುರು ಮಾಡಿದ ಅಮೆರಿಕದ ಮಾಲ್ಕಮ್ ಮೆಕ್ಲೀನ್ ಕೂಡ ಲಾರಿ ಮಾಲೀಕರೇ. ಅವರೂ ಮೊದಲು ಟ್ರೇಲರನ್ನು ಚಕ್ರ ಸಮೇತ ಹಡಗಿಗೆ ಹತ್ತಿಸುವ ಯೋಚನೆಯಲ್ಲಿದ್ದರು. ಚಕ್ರಕ್ಕೆ ಜಾಗ ದಂಡ ಅಂತ ಗೊತ್ತಾಗಿ ಬರೀ ಪೆಟ್ಟಿಗೆ ಸಾಕು ಅಂದರು. 1956ರ ಏಪ್ರಿಲ್ 26ಕ್ಕೆ ನ್ಯೂವಾರ್ಕ್‌ನಿಂದ ಹ್ಯೂಸ್ಟನ್‌ಗೆ 58 ಪೆಟ್ಟಿಗೆ ಹೋದವು. ಅದು ದೊಡ್ಡ ವ್ಯಾಪಾರದ ದಾರಿ. ನಾಲ್ಕು ಲಾರಿಯವನಿಗೆ ಪೆಟ್ಟಿಗೆ ಎತ್ತುವ ಕ್ರೇನು, ಆ ಕಡೆ ಕಾಯುವ ಟ್ರೇಲರು ಎಲ್ಲಿಂದ ಬರಬೇಕು? ನಮಗೆ ಚಕ್ರ ಬೇಕು. ಚಕ್ರ ಇದ್ದರೆ ಆ ಕಡೆ ಯಾರ ಕೈಯನ್ನೂ ಕಾಯಬೇಕಾಗಿಲ್ಲ.

ಪೆಟ್ಟಿಗೆಯಾಗಲಿ ಲಾರಿಯಾಗಲಿ, ಮುಖ್ಯವಾದದ್ದು ಒಂದೇ. ಹೊರುವ ಗಾಡಿ ಬದಲಾಗಬೇಕು, ಆದರೆ ಸರಕನ್ನು ಯಾರೂ ಮುಟ್ಟಬಾರದು. ಇದು ನನಗೆ ತಲೆಗೆ ಹೋದದ್ದು ಒಂದು ಅಡ್ಡ ಪ್ರಯೋಗದಿಂದ. ರೋ-ರೋ ಗೊತ್ತಿಲ್ಲದ ಕಾಲದಲ್ಲಿ ಒಂದು ಪಾರ್ಟಿಯ, ಅಂದರೆ ಸರಕು ಕಳಿಸುವ ವ್ಯಾಪಾರಿಯ, 30 ಚೀಲ ಅಡಿಕೆಯನ್ನು ಪ್ಯಾಸೆಂಜರ್ ರೈಲಿನ ಪಾರ್ಸೆಲ್ ಬೋಗಿಯಲ್ಲಿ ಕಳಿಸಿದ್ದೆ. ಬಾಡಿಗೆ ಕಡಿಮೆಯೇ ಆಯಿತು. ಆದರೆ ಗೋಡೌನಿನಿಂದ ಟೆಂಪೊಗೆ, ಟೆಂಪೊದಿಂದ ಪ್ಲಾಟ್‌ಫಾರ್ಮಿಗೆ, ಅಲ್ಲಿಂದ ಬೋಗಿಗೆ, ಆ ಕಡೆ ಮತ್ತೆ ಅದೇ ಮೂರು ಸಲ. ಆರು ಸಲ ಹಮಾಲಿ, ಆರು ಸಲ ಕೊಕ್ಕೆ. ನಾಲ್ಕು ಚೀಲ ಹರಿದು ಹೋಗಿದ್ದವು, ಒಂದು ಚೀಲ ಲೆಕ್ಕಕ್ಕೇ ಸಿಗಲಿಲ್ಲ. ಒಂದು ಚೀಲ ಅಂದರೆ 65 ಕಿಲೊ, ಅಡಿಕೆಯ ದರ ನಿಮಗೆ ಗೊತ್ತೇ ಇದೆ. ಉಳಿದ ಬಾಡಿಗೆ ಅಲ್ಲೇ ಮುಳುಗಿತು.

ರೋ-ರೋದ ಮೊದಲ ಟ್ರಿಪ್ಪು ಹೋಗಲೇ ಇಲ್ಲ. ರಸ್ತೆಗೆ ಕಟ್ಟುವ ಹಾಗೆ ಲೋಡು ಕಟ್ಟಿ ಸುರತ್ಕಲ್‌ಗೆ ಕಳಿಸಿದೆ. ಎತ್ತರದ ಅಳತೆಯಲ್ಲಿ ಪಾಸಾಗಲಿಲ್ಲ. ನಾನು ಲೋಡಿನ ನಡುವಿನ ಎತ್ತರ ಅಳೆದು ಧೈರ್ಯವಾಗಿದ್ದೆ. ಆದರೆ ಸುರಂಗದ ಬಾಯಿ ಕಮಾನಿನ ಹಾಗೆ ಇರುತ್ತದಲ್ವಾ, ಅಂಚಿನಲ್ಲಿ ಜಾಗ ಕಡಿಮೆ. ನಡುವೆ ಸರಿ ಇದ್ದರೂ ಎರಡು ಬದಿಯ ಮೇಲಿನ ಸಾಲು ತಾಗುತ್ತದೆ. ಅಲ್ಲೇ ಮೂವತ್ತು ಮೂವತ್ತೈದು ಚೀಲ ಇಳಿಸಬೇಕಾಯಿತು, ಹಮಾಲರನ್ನು ಪಣಂಬೂರಿನಿಂದ ಕರೆಸಿದೆ, ಅಷ್ಟರಲ್ಲಿ ರೈಲು ಹೊರಟಿತ್ತು. ಹಮಾಲಿ, ಎರಡನೇ ಗಾಡಿಯ ಬಾಡಿಗೆ, ಪಾರ್ಟಿಗೆ ತಡವಾದದ್ದಕ್ಕೆ ಕಡಿತ, ಎಲ್ಲ ಸೇರಿ ಒಂಬತ್ತು ಸಾವಿರ ಹೋಯಿತು. ಮರುದಿನ ಲಾರಿ ರಸ್ತೆಯಲ್ಲೇ ಹೋಯಿತು.

ಅದಾದ ಮೇಲೆ ಜಿಐ ಪೈಪಿನಲ್ಲಿ ಅದೇ ಆಕಾರದ ಒಂದು ಕಮಾನು ಮಾಡಿಸಿ ಗೋಡೌನಿನ ಗೇಟಿಗೆ ನಿಲ್ಲಿಸಿದೆ. ವೆಲ್ಡಿಂಗ್ ಸೇರಿ ನಾಲ್ಕು ಸಾವಿರದ ಆಸುಪಾಸು. ಅದರೊಳಗೆ ತೂರಿದ ಲಾರಿ ಸುರತ್ಕಲ್‌ನಲ್ಲಿ ಒಂದು ಸಲವೂ ವಾಪಸ್ ಬಂದಿಲ್ಲ. ಮೇಲಿನ ಸಾಲನ್ನು ಒಳಕ್ಕೆ ಸರಿಸಿ ಜೋಡಿಸುವ ಒಂದು ಕ್ರಮ ಇದೆ, ಅದರಿಂದ ಚೀಲದ ಲೆಕ್ಕವೂ ಕಮ್ಮಿಯಾಗುವುದಿಲ್ಲ. ಅದನ್ನು ನಮ್ಮ ಹಮಾಲಿ ಮೇಸ್ತ್ರಿ ಕಂಡುಹಿಡಿದದ್ದು, ಅವರ ಒಪ್ಪಿಗೆ ಇಲ್ಲದೆ ಬರೆಯುವುದು ಸರಿಯಲ್ಲ.

ಎರಡನೇ ತಪ್ಪು ನೆನೆಸಿಕೊಂಡರೆ ಈಗಲೂ ಮೈ ನಡುಗುತ್ತದೆ. ಕೊಂಕಣ ಮಾರ್ಗ 2022ರಲ್ಲಿ ಪೂರ್ತಿ ವಿದ್ಯುತ್ ಆಯಿತು. ಲಾರಿ ವ್ಯಾಗನ್ ಮೇಲೆ ನಿಂತಾಗ ತಲೆ ಮೇಲೆ 25,000 ವೋಲ್ಟ್ ತಂತಿ. ನಮ್ಮ ಹುಡುಗರಿಗೆ ಟರ್ಪಾಲು ಸ್ವಲ್ಪ ಸಡಿಲ ಕಂಡರೆ ಸಾಕು, ಹಗ್ಗ ಹಿಡಿದು ಮೇಲೆ ಹತ್ತುವುದು ಅಭ್ಯಾಸ. ಒಂದು ನಿಲ್ದಾಣದಲ್ಲಿ ರೈಲು ನಿಂತಾಗ ಕ್ಲೀನರ್ ಹುಡುಗ ಒಂದು ಕಾಲು ಬಾಡಿಯ ಮೇಲೆ ಇಟ್ಟಿದ್ದ. ಪಕ್ಕದ ಲಾರಿಯ ಚಾಲಕರು ಕೂಗಿ ಇಳಿಸಿದರು. ಆ ತಂತಿಯನ್ನು ಮುಟ್ಟಬೇಕಾಗಿಲ್ಲ, ಹತ್ತಿರ ಹೋದರೇ ಸಾಕು. ಅಂದಿನಿಂದ ನಮ್ಮ ಲಾರಿಯಲ್ಲಿ ಕ್ಲೀನರ್ ಹೋಗುವುದಿಲ್ಲ, ಚಾಲಕ ಒಬ್ಬರೇ. ಟರ್ಪಾಲು ಎರಡು ಪದರ, ಗೋಡೌನಿನಲ್ಲೇ ಕಟ್ಟಿ ಮುಗಿಸುವುದು, ಆಮೇಲೆ ಹರಿದು ಹಾರಿದರೂ ಕೋಲಾಡ್‌ನಲ್ಲಿ ಇಳಿಯುವವರೆಗೆ ಯಾರೂ ಮುಟ್ಟಬಾರದು. ಈ ಒಂದು ಮಾತನ್ನು ದಯವಿಟ್ಟು ನಿಮ್ಮ ಚಾಲಕರಿಗೆ ಇವತ್ತೇ ಹೇಳಿ.

ಇನ್ನು ದುಡ್ಡಿನ ವಿಷಯ. ಎಲ್ಲ ನೆನಪಿನ ಮೇಲೆ ಹೇಳುತ್ತಿದ್ದೇನೆ, ರೈಲಿನ ದರ ತೂಕದ ಮೇಲೆ ಬದಲಾಗುತ್ತದೆ, ನೀವು ಕೇಳಿಕೊಳ್ಳಿ. ಅಂಕೋಲಾ, ಅರಬೈಲ್ ಘಾಟಿ, ಹುಬ್ಬಳ್ಳಿ, ಬೆಳಗಾವಿ, ಪುಣೆ ದಾರಿಯಲ್ಲಿ ಭಿವಂಡಿಗೆ ಸುಮಾರು 1,000 ಕಿಲೋಮೀಟರ್. ಲೀಟರಿಗೆ ನಾಲ್ಕು ಕಿಲೋಮೀಟರ್ ಕೊಟ್ಟರೆ 250 ಲೀಟರ್ ಡೀಸೆಲ್, 22 ಸಾವಿರ ಚಿಲ್ಲರೆ. ಟೋಲ್ ಆರೇಳು ಸಾವಿರ. ಭತ್ತೆ, ದಾರಿ ಖರ್ಚು ಐದು. ಎಲ್ಲ ಸೇರಿ 34 ಸಾವಿರ ಅಂದುಕೊಳ್ಳಿ. ರೈಲಿನಲ್ಲಿ ನಾನು ಕಟ್ಟಿದ್ದು 25 ಸಾವಿರದ ಹತ್ತಿರ, ಕೋಲಾಡ್‌ನಿಂದ ಭಿವಂಡಿಗೆ 130 ಕಿಲೋಮೀಟರ್ ಓಡಿಸುವ ಡೀಸೆಲ್ಲು, ಭತ್ತೆ ಎಲ್ಲ ಸೇರಿ 32. ಉಳಿದದ್ದು ಎರಡು ಸಾವಿರ. ಇದನ್ನು ನೋಡಿಯೇ ಎಲ್ಲರೂ ನಕ್ಕದ್ದು. "ಎರಡು ಸಾವಿರಕ್ಕೆ ಇಷ್ಟು ತಲೆಬಿಸಿ ಯಾಕೆ?"

ಮೊದಲ ವರ್ಷ ನನಗೂ ಉತ್ತರ ಗೊತ್ತಿರಲಿಲ್ಲ. ಡೀಸೆಲ್ ಬಿಲ್ಲಿನಲ್ಲೇ ಲಾಭ ಹುಡುಕುತ್ತಿದ್ದೆ, ಅಲ್ಲಿ ಅದು ಇರಲಿಲ್ಲ. ಎರಡನೇ ವರ್ಷ ಟೈರಿನ ಲೆಕ್ಕ ಬರೆಯುವಾಗ ಕಂಡಿತು. ರೈಲಿನಲ್ಲಿ ಹೋದ ಲಾರಿಯ ಮೀಟರು ಓಡುವುದೇ ಇಲ್ಲ. ಟೈರು, ಬ್ರೇಕ್ ಲೈನರ್, ಕ್ಲಚ್, ಸ್ಪ್ರಿಂಗ್ ಪ್ಲೇಟು ಕಟ್ಟಾಗುವುದು ಎಲ್ಲ ಕೂಡಿಸಿದರೆ ಒಂದು ಲಾರಿಗೆ ವರ್ಷಕ್ಕೆ ಒಂದು ಲಕ್ಷದ ಹತ್ತಿರ ಉಳಿದಿತ್ತು. ಅದಕ್ಕಿಂತ ದೊಡ್ಡದು ಚಾಲಕರ ನಿದ್ದೆ. ರಸ್ತೆಯಲ್ಲಿ 1,000 ಕಿಲೋಮೀಟರ್ ಓಡಿಸಿ ಹೋದವರು ಭಿವಂಡಿಯಲ್ಲಿ ಒಂದು ದಿನ ಮಲಗಲೇಬೇಕು. ರೈಲಿನಲ್ಲಿ ಹೋದವರು ಮಲಗಿಯೇ ಬಂದಿರುತ್ತಾರೆ, ಕೋಲಾಡ್‌ನಲ್ಲಿ ಇಳಿದ ಕೂಡಲೇ ಹೊರಟು ಅದೇ ದಿನ ಖಾಲಿ ಮಾಡಿ ವಾಪಸ್ ಲೋಡು ಹುಡುಕಬಹುದು. ತಿಂಗಳಿಗೆ ಮೂರು ಟ್ರಿಪ್ಪು ಆಗುತ್ತಿದ್ದ ಕಡೆ ಕೆಲವು ತಿಂಗಳು ನಾಲ್ಕಾಗುತ್ತಿದೆ. ಕಂತು ಕಟ್ಟುವವರಿಗೆ ಆ ನಾಲ್ಕನೇ ಟ್ರಿಪ್ಪು ಏನು ಅಂತ ಗೊತ್ತು.

ಆದರೆ ಈ ಲಾಭ ಸೋರಿ ಹೋಗುವುದು ಜೋಡಣೆಯ ಜಾಗದಲ್ಲಿ. ರಸ್ತೆಯಿಂದ ರೈಲಿಗೆ, ರೈಲಿನಿಂದ ರಸ್ತೆಗೆ. ಮೊದಮೊದಲು ನಾನು ಲೋಡು ಸಿಕ್ಕಿದ ದಿನ ಲಾರಿ ಕಳಿಸುತ್ತಿದ್ದೆ. ರೈಲು ಯಾವಾಗ ಅಂತ ವಿಚಾರಿಸುತ್ತಿರಲಿಲ್ಲ. ತಪ್ಪು ನನ್ನದೇ. ಒಂದು ರೇಕಿಗೆ, ಅಂದರೆ ಒಂದು ರೈಲಿನ ಪೂರ್ತಿ ವ್ಯಾಗನ್ ಸಾಲಿಗೆ, ನಲವತ್ತರ ಮೇಲೆ ಲಾರಿ ಹೋಗುತ್ತದೆ, ನಿನ್ನೆ ರೇಕು ಹೊರಟಿದ್ದರೆ ನೀವು ಇವತ್ತು ಹೋಗಿ ನಿಲ್ಲುವುದು ಸುಮ್ನೆ. ಎರಡು ದಿನ ಯಾರ್ಡಿನಲ್ಲಿ ನಿಂತರೆ ಉಳಿತಾಯ ಎಲ್ಲಿ ಬಂತು? ಈಗ ಮೊದಲು ರೈಲು, ಆಮೇಲೆ ಲೋಡು. ಪಾರ್ಟಿಗೆ ಫೋನ್ ಮಾಡಿ "ನಾಡಿದ್ದು ಬೆಳಿಗ್ಗೆ ತುಂಬಿಸುವ" ಅಂತ ನಾನೇ ದಿನ ಹೇಳುತ್ತೇನೆ. ವಾರದ ಯಾವ ದಿನ ಸಾಲು ಕಡಿಮೆ ಇರುತ್ತದೆ ಅನ್ನುವುದನ್ನು ಒಂದೂವರೆ ವರ್ಷ ಡೈರಿಯಲ್ಲಿ ಬರೆದಿಟ್ಟು ತಿಳಿದುಕೊಂಡಿದ್ದೇನೆ. ಅದು ನನ್ನ ಹತ್ತಿರವೇ ಇರಲಿ.

ಹಾಗೆ ನಿಂತ ಎರಡು ದಿನದಿಂದ ಇನ್ನೊಂದು ಪಾಠ ಆಯಿತು. ಇ-ವೇ ಬಿಲ್ಲಿಗೆ, ಅಂದರೆ ಸರಕಿನ ಜೊತೆ ಇರಬೇಕಾದ ಜಿಎಸ್‌ಟಿ ಕಾಗದಕ್ಕೆ, 200 ಕಿಲೋಮೀಟರಿಗೆ ಒಂದು ದಿನದ ಲೆಕ್ಕ, ನಮ್ಮ ದಾರಿಗೆ ಐದು ದಿನ ಸಿಗುತ್ತದೆ. ಪಾರ್ಟಿ ಎರಡು ದಿನ ಮೊದಲೇ ಬಿಲ್ಲು ಮಾಡಿಟ್ಟಿದ್ದರು. ಯಾರ್ಡಿನಲ್ಲಿ ಎರಡು ದಿನ, ರೈಲಿನಲ್ಲಿ ಒಂದು ದಿನ. ಭಿವಂಡಿಯ ಹತ್ತಿರ ಹೋಗುವಾಗ ಅವಧಿ ಮುಗಿಯುವುದರಲ್ಲಿತ್ತು. ಮುಗಿಯುವ 8 ಗಂಟೆ ಮೊದಲು ಅಥವಾ ಮುಗಿದ 8 ಗಂಟೆಯೊಳಗೆ ವಿಸ್ತರಿಸಬಹುದು, ಹೇಗೋ ಆ ಹೊತ್ತಿನಲ್ಲಿ ಮಾಡಿಸಿದೆ. ಇಲ್ಲವಾದರೆ ದಂಡ ಕಟ್ಟಿಯೇ ಮುಗಿಯುತ್ತಿತ್ತು. ರೋ-ರೋದಲ್ಲಿ ಒಂದು ಅನುಕೂಲ ಏನೆಂದರೆ ಲಾರಿ ನಂಬರ್ ಬದಲಾಗುವುದಿಲ್ಲ, ಲಾರಿಯ ಕಾಗದವೇ ಕೊನೆತನಕ ನಡೆಯುತ್ತದೆ. ದಿನದ ಲೆಕ್ಕ ಮಾತ್ರ ಕಣ್ಣಿಟ್ಟು ನೋಡಬೇಕು.

ಸುದ್ದಿ ಮುಟ್ಟಿಸುವುದೂ ಸಾಗಾಟದ ಅರ್ಧ ಕೆಲಸ. ಕೊಂಕಣ ಮಾರ್ಗದಲ್ಲಿ ತೊಂಬತ್ತಕ್ಕೂ ಜಾಸ್ತಿ ಸುರಂಗ, ರತ್ನಾಗಿರಿ ಹತ್ತಿರದ ಕರ್ಬುಡೆ ಒಂದೇ ಆರೂವರೆ ಕಿಲೋಮೀಟರ್. ಚಾಲಕರಿಗೆ ಫೋನ್ ಹತ್ತುವುದಿಲ್ಲ. ಜಿಪಿಎಸ್ ನೋಡೋಣ ಅಂದರೆ ಮೊದಲ ರಾತ್ರಿ ನನ್ನ ಫೋನು ಬಡಿದುಕೊಂಡದ್ದೇ ಬಡಿದುಕೊಂಡದ್ದು. ಎಂಜಿನ್ ಆಫ್, ಲಾರಿ ಮಾತ್ರ 60ರ ವೇಗದಲ್ಲಿ ಓಡುತ್ತಿದೆ. ಯಾರೋ ಎಳೆದುಕೊಂಡು ಹೋಗುತ್ತಿದ್ದಾರೆ ಅಂತ ಎಚ್ಚರಿಕೆ. ಈಗ ಆ ಎಚ್ಚರಿಕೆಯನ್ನೇ ಬಳಸುತ್ತೇನೆ. ಅದು ಬಂದರೆ ರೈಲು ಹೊರಟಿತು ಅಂತ ಅರ್ಥ. ಉಡುಪಿ ದಾಟಿದಾಗ, ಮಡಗಾಂವ್ ದಾಟಿದಾಗ, ಚಿಪ್ಳೂಣ್ ದಾಟಿದಾಗ ಒಂದೊಂದು ಸಂದೇಶ ಭಿವಂಡಿಯ ಏಜೆಂಟರಿಗೆ ಹೋಗುತ್ತದೆ. ಚಿಪ್ಳೂಣ್ ಸಂದೇಶ ಕಂಡ ಮೇಲೆ ಅವರು ಹಮಾಲರನ್ನು ಹೇಳಿಡುತ್ತಾರೆ, ವಾಪಸ್ ಲೋಡಿಗೆ ಫೋನ್ ಶುರು ಮಾಡುತ್ತಾರೆ. ಇಷ್ಟರಿಂದಲೇ ಆ ಕಡೆ ಅರ್ಧ ದಿನ ಉಳಿಯಿತು.

ವಾಪಸ್ ಲೋಡಿನಲ್ಲೂ ಒಂದು ದೊಡ್ಡ ಪೆಟ್ಟು ತಿಂದೆ. ನಾಸಿಕ್ ಈರುಳ್ಳಿಗೆ ಮಂಗಳೂರಿನ ಬಂದರು ಮಾರುಕಟ್ಟೆಯಲ್ಲಿ ಒಳ್ಳೆಯ ದರ ಇದ್ದ ಸಮಯ, ಆಸೆಯಿಂದ ಈರುಳ್ಳಿ ತುಂಬಿಸಿ ಕೋಲಾಡ್‌ನಿಂದ ಹತ್ತಿಸಿದೆ. ಮಾರ್ಗ ಬಹುಪಾಲು ಒಂಟಿ ಹಳಿ, ಎದುರಿನ ರೈಲಿಗೆ ದಾರಿ ಬಿಟ್ಟು ನಿಂತು ಹೋಗಬೇಕು. ಮಳೆಗಾಲದ ವೇಳಾಪಟ್ಟಿಯಲ್ಲಿ ವೇಗವೂ ಕಡಿಮೆ. ಎರಡು ಪದರ ಟರ್ಪಾಲಿನೊಳಗೆ ಈರುಳ್ಳಿ ಬೆವರಿತು. ಸುರತ್ಕಲ್‌ನಲ್ಲಿ ಬಿಚ್ಚಿದಾಗ ವಾಸನೆ. ನಲವತ್ತು ಚೀಲ ಬಿಸಾಡಿದ್ದು, ಉಳಿದದ್ದಕ್ಕೆ ದರ ಇಳಿಸಿದ್ದು, ಒಟ್ಟು 50 ಸಾವಿರ ನನ್ನ ತಲೆಗೆ. ಕೊಳೆಯುವ ಸರಕು ರಸ್ತೆಗೆ, ಕಾಯುವ ಸರಕು ರೈಲಿಗೆ. ಈಗ ಬರುವಾಗ ವಾಪಿ ಕಡೆಯ ಪ್ಲಾಸ್ಟಿಕ್ ದಾಣಿ (ಕಾಳಿನಂಥ ಕಚ್ಚಾ ಪ್ಲಾಸ್ಟಿಕ್), ಸಿಕ್ಕಿದರೆ ಮೋರ್ಬಿ ಟೈಲ್ಸು. ಟೈಲ್ಸಿಗೆ ರೈಲು ರಸ್ತೆಗಿಂತ ಒಳ್ಳೆಯದು, ಒಡೆಯುವುದು ಕಡಿಮೆಯಾಗಿದೆ.

ಬೆಂಗಳೂರಿನವರು ಕೇಳುತ್ತಾರೆ. 2020ರ ಆಗಸ್ಟ್‌ನಲ್ಲಿ ನೆಲಮಂಗಲದಿಂದ ಸೋಲಾಪುರದ ಬಾಳೆಗೆ ರೋ-ರೋ ಶುರುವಾದಾಗ ನಾನೂ ಲೆಕ್ಕ ಹಾಕಿದ್ದೆ. ನಮಗೆ ಶಿರಾಡಿ ಹತ್ತಿ ನೆಲಮಂಗಲಕ್ಕೆ ಹೋಗಿ ರೈಲು ಹಿಡಿಯುವುದರಲ್ಲಿ ಅರ್ಥವಿಲ್ಲ. ಲೋಡು ಹುಟ್ಟುವ ಜಾಗದಿಂದ ಲಾರಿ ರೈಲಿಗೆ ಹತ್ತಿಸುವ ರ‍್ಯಾಂಪು 50 ಕಿಲೋಮೀಟರ್ ಒಳಗೆ ಇರಬೇಕು, ಅದಕ್ಕಿಂತ ದೂರ ಇದ್ದರೆ ನನ್ನ ಲೆಕ್ಕ ಯಾವತ್ತೂ ಕೂಡಲಿಲ್ಲ.

ನಕ್ಕವರು ನನ್ನ ಗೋಡೌನಿಗೆ ಬಂದದ್ದು 2024ರ ಜುಲೈ ನಂತರ. 16ನೇ ತಾರೀಕು ಅಂಕೋಲಾ ಹತ್ತಿರದ ಶಿರೂರಿನಲ್ಲಿ ಗುಡ್ಡ ಕುಸಿಯಿತು. ನಮ್ಮ ಚಾಲಕರೆಲ್ಲ ಅಲ್ಲಿ ಚಹಾ ಕುಡಿದವರೇ. ಆ ಅಂಗಡಿಯ ಕುಟುಂಬವೇ ಹೋಯಿತು. ಮಣ್ಣಿನ ಜೊತೆ ಹೊಳೆಗೆ ಹೋದ ಒಂದು ಲಾರಿ ಗಂಗಾವಳಿಯಲ್ಲಿ ಸಿಕ್ಕಿದ್ದು ಸೆಪ್ಟೆಂಬರ್ ಕೊನೆಗೆ. ಆ ದಿನ ನನ್ನ ಒಂದು ಲಾರಿ ರಸ್ತೆಯಲ್ಲಿ ಕುಮಟಾದವರೆಗೆ ಹೋಗಿತ್ತು. ಚಾಲಕರು ಫೋನ್ ಮಾಡಿ, "ಧನಿ, ನಾನು ಇಲ್ಲೇ ಇದ್ದೇನೆ, ಹುಷಾರಾಗಿದ್ದೇನೆ" ಅಂದಾಗ ನಾನು ಮಾತಾಡಲಾಗದೆ ನಿಂತಿದ್ದೆ. ಆ ಲಾರಿಯನ್ನು ವಾಪಸ್ ಕರೆಸಿ ರೈಲಿಗೆ ಹಾಕಿದೆ. ರೈಲು ಯಾವಾಗಲೂ ಕೈ ಹಿಡಿಯುತ್ತದೆ ಅಂತ ಹೇಳುವುದಿಲ್ಲ. ಅದಕ್ಕೆ ಒಂದು ವಾರ ಮೊದಲು ಪೆರ್ನೆಂ ಸುರಂಗದಲ್ಲಿ ನೀರು ಉಕ್ಕಿ ರೈಲೂ ನಿಂತಿತ್ತು. ಎರಡು ದಾರಿ ಗೊತ್ತಿದ್ದವನಿಗೆ ಒಂದು ಮುಚ್ಚಿದಾಗ ಇನ್ನೊಂದು ಇರುತ್ತದೆ, ಅಷ್ಟೇ.

ಈಗ ನಮ್ಮ ಸ್ಟ್ಯಾಂಡಿನ ಮೂವರು ನನ್ನ ಪೈಪಿನ ಕಮಾನಿನಲ್ಲೇ ಲಾರಿ ತೂರಿಸಿಕೊಂಡು ಹೋಗುತ್ತಾರೆ. ಕೇಳಿದ ಒಬ್ಬರಂತೂ ಮೊದಲು ಬೈದವರೇ. ಹೊಸಬರಿಗೆ ಎರಡು ಸಣ್ಣ ಮಾತು. ಕ್ಯಾಬಿನ್ನಿನಲ್ಲಿ ಒಲೆ ಹಚ್ಚಲು ಬಿಡಬೇಡಿ, ಅವಲಕ್ಕಿ, ಚಪಾತಿ, ಹತ್ತು ಲೀಟರ್ ನೀರು ಕಟ್ಟಿ ಕಳಿಸಿ. ಮತ್ತೆ ರಾತ್ರಿಯಿಡೀ ಫ್ಯಾನ್ ಹಾಕಿ ಮಲಗಿದರೆ ಬೆಳಿಗ್ಗೆ ಬ್ಯಾಟರಿ ಸತ್ತಿರುತ್ತದೆ, ನಿಮ್ಮ ಲಾರಿ ಸ್ಟಾರ್ಟ್ ಆಗದಿದ್ದರೆ ಹಿಂದಿನ ಲಾರಿಗಳೂ ಇಳಿಯಲು ಕಾಯಬೇಕು. ನನ್ನದು ಒಮ್ಮೆ ಹಾಗೆ ನಿಂತಿತ್ತು. ಈಗ ಫ್ಯಾನಿಗೆ ಬೇರೆಯೇ ಬ್ಯಾಟರಿ ಇಟ್ಟಿದ್ದೇನೆ, ಹಳೆಯದೇ, ಎರಡು ಸಾವಿರಕ್ಕೆ ಸಿಕ್ಕಿತು.