ಫೋನಿನಲ್ಲಿ ಕೇಳಲಿ, ತರಗತಿಯಲ್ಲಿ ಮಾತಾಡಲಿ

“ಮ್ಯಾಮ್, ನನ್ನ ಅಜ್ಜಿ ಹಲ್ಲಿಯಲ್ಲಿ ಇದ್ದಾರೆ” ಎಂದ ಆರನೇ ತರಗತಿಯ ಹುಡುಗ. ಹಳ್ಳಿ ಎನ್ನಬೇಕಿತ್ತು. ಕನ್ನಡ ಮನೆಮಾತಿನ ಮಕ್ಕಳೆಲ್ಲ ಗೊಳ್ಳೆಂದು ನಕ್ಕರು. ಮನೆಯಲ್ಲಿ ಹಿಂದಿ ಆಡುವ ಆ ಮಗುವಿನ ಕಿವಿಗೆ ‘ಲ’ ಮತ್ತು ‘ಳ’ ಎರಡೂ ಒಂದೇ. ನಗು ಏಕೆ ಬಂತೆಂದೇ ಅವನಿಗೆ ತಿಳಿಯಲಿಲ್ಲ. ಆಮೇಲೆ ಎರಡು ವಾರ ಅವನು ನನ್ನ ಪಿರಿಯಡ್‌ನಲ್ಲಿ ಬಾಯಿ ಬಿಡಲಿಲ್ಲ.

ನಾನು ಬೆಂಗಳೂರಿನ ಶಾಲೆಯೊಂದರಲ್ಲಿ ಎರಡನೇ ಭಾಷೆಯಾಗಿ ಕನ್ನಡ ಕಲಿಸುತ್ತೇನೆ. 2015ರ ಕನ್ನಡ ಭಾಷಾ ಕಲಿಕೆ ಅಧಿನಿಯಮ ಬಂದ ಮೇಲೆ ಬೇರೆ ಪಠ್ಯಕ್ರಮದ ಶಾಲೆಗಳಲ್ಲೂ ಕನ್ನಡ ಮೊದಲ ಇಲ್ಲವೇ ಎರಡನೇ ಭಾಷೆಯಾಗಿರಬೇಕು. ಹಾಗಾಗಿ ಒಂದೇ ಕೋಣೆಯಲ್ಲಿ ಕನ್ನಡ, ತಮಿಳು, ತೆಲುಗು, ಉರ್ದು, ಹಿಂದಿ ಮನೆಮಾತಿನ ಮಕ್ಕಳು ಕೂತಿರುತ್ತಾರೆ. ನಲವತ್ತು ನಿಮಿಷದ ಪಿರಿಯಡ್, ನಲವತ್ತು ಮಕ್ಕಳು. ಹಾಜರಿ ಕರೆದು ಬೋರ್ಡ್ ಒರೆಸುವಷ್ಟರಲ್ಲಿ ಐದು ನಿಮಿಷ ಹೋಗುತ್ತದೆ. ಉಳಿದದ್ದನ್ನು ಹಂಚಿದರೆ ತಲೆಗೊಂದು ನಿಮಿಷವೂ ಬರುವುದಿಲ್ಲ. ಬಾಯಿ ಬಿಡದೆ ಯಾವ ಭಾಷೆಯೂ ಬರುವುದಿಲ್ಲ.

ಈ ಕೊರತೆಯನ್ನು ತುಂಬಲು ನಾನು ಫೋನನ್ನು ಜೊತೆಗಿಟ್ಟುಕೊಂಡೆ. ಆನ್‌ಲೈನ್ ಮತ್ತು ತರಗತಿ ಎರಡನ್ನೂ ಬೆರೆಸಿದ ಕಡೆ ಕಲಿಕೆ ತುಸು ಮೇಲಾಗಿತ್ತು ಎಂದು ಅಮೆರಿಕದ ಶಿಕ್ಷಣ ಇಲಾಖೆ 2009ರಲ್ಲಿ ಹಲವು ಅಧ್ಯಯನಗಳನ್ನು ಒಟ್ಟಿಗೆ ನೋಡಿ ಹೇಳಿತು. ಹಾಗೆ ಕಲಿತವರಿಗೆ ಅಭ್ಯಾಸದ ಸಮಯವೂ ಹೆಚ್ಚು ಸಿಕ್ಕಿರಬಹುದು, ಎಲ್ಲ ಕೀರ್ತಿ ತಂತ್ರಜ್ಞಾನಕ್ಕಲ್ಲ ಎಂಬ ಎಚ್ಚರಿಕೆಯೂ ಅದರಲ್ಲೇ ಇತ್ತು. ನನಗೆ ಬೇಕಾದದ್ದೂ ಆ ಹೆಚ್ಚಿನ ಸಮಯವೇ.

ಪಾಠವನ್ನು ಎರಡು ಪಾಲು ಮಾಡಿ

ನೋಟ್‌ಬುಕ್ಕಿನ ಪುಟದ ನಡುವೆ ಗೆರೆ ಎಳೆಯಿರಿ. ಎಡಕ್ಕೆ ಮನೆ, ಬಲಕ್ಕೆ ತರಗತಿ. ಪಾಠದ ಪ್ರತಿ ಕೆಲಸಕ್ಕೂ ಒಂದೇ ಪ್ರಶ್ನೆ ಕೇಳಿಕೊಳ್ಳಿ: ಇದಕ್ಕೆ ಎದುರಿಗೆ ಇನ್ನೊಬ್ಬರು ಬೇಕೇ? ‘ಸಂತೆ’ ಪಾಠವನ್ನೇ ನೋಡಿ. ಬೆಲೆ, ಬೆಳೆ, ಬೇಳೆ ಎಂಬ ಮೂರು ಪದಗಳನ್ನು ಇಪ್ಪತ್ತು ಸಲ ಕೇಳಿ ಇಪ್ಪತ್ತು ಸಲ ಹೇಳಲು ಯಾರೂ ಬೇಡ, ಅದು ಎಡಕ್ಕೆ. ಕೆಜಿಗೆ ಎಷ್ಟು ಎಂದು ಚೌಕಾಸಿ ಮಾಡಲು ಮಾರುವವರು ಬೇಕು, ಅದು ಬಲಕ್ಕೆ.

ಇಲ್ಲಿ ನಾನೇ ಎಡವಿದ್ದೆ. ಅಮೆರಿಕದ ಕೊಲರಾಡೊದಲ್ಲಿ 2007ರಲ್ಲಿ ಇಬ್ಬರು ರಸಾಯನಶಾಸ್ತ್ರದ ಶಿಕ್ಷಕರು ಪಾಠವನ್ನು ವಿಡಿಯೊ ಮಾಡಿ ಮನೆಗೆ ಕೊಟ್ಟು, ಹೋಂವರ್ಕನ್ನು ತರಗತಿಯಲ್ಲಿ ಮಾಡಿಸತೊಡಗಿದ್ದರು. ತಿರುಗುಮುರುಗು ತರಗತಿ ಎಂದು ಅದು ಹೆಸರಾಯಿತು. ನಾನೂ ವಿಭಕ್ತಿ ಪ್ರತ್ಯಯದ ಮೇಲೆ ಹನ್ನೆರಡು ನಿಮಿಷದ ವಿಡಿಯೊ ಮಾಡಿ ಕಳಿಸಿದೆ. ನೋಡಿದವರು ಬೆರಳೆಣಿಕೆಯಷ್ಟು ಮಂದಿ. ಅವರೂ ಮರುದಿನ ಅದೇನೆಂದು ನನ್ನನ್ನೇ ಕೇಳಿದರು. ವ್ಯಾಕರಣ ವಿವರಿಸುವಾಗ ಮಗುವಿನ ಹುಬ್ಬು ಗಂಟಿಕ್ಕಿದ್ದು ನಮಗೆ ಕಾಣಬೇಕು, ಆಗಲೇ ಉದಾಹರಣೆ ಬದಲಾಯಿಸಬೇಕು. ಭಾಷಾ ಪಾಠದಲ್ಲಿ ವಿವರಣೆ ತರಗತಿಯಲ್ಲೇ ಇರಲಿ. ಮನೆಗೆ ಹೋಗಬೇಕಾದದ್ದು ಕಿವಿಯ ಕೆಲಸ.

ಫೋನ್ ಯಾರದು, ಎಷ್ಟು ಹೊತ್ತಿಗೆ ಮನೆಗೆ ಬರುತ್ತದೆ?

ಮೊದಲ ವಾರವೇ ಒಂದು ಚೀಟಿ ಬರೆಸಿಕೊಳ್ಳಿ. ನನ್ನ ತರಗತಿಯಲ್ಲಿ ಹೆಚ್ಚಿನವರ ಮನೆಗೆ ಫೋನ್ ಬರುವುದು ಅಪ್ಪನ ಜೊತೆ, ರಾತ್ರಿ ಎಂಟರ ಮೇಲೆ. ಆದ್ದರಿಂದ ಸಂಜೆಯ ಲೈವ್ ಕ್ಲಾಸ್ ಯೋಚನೆಯನ್ನೇ ಕೈಬಿಟ್ಟೆ. ಕೊಡುವ ಕೆಲಸ ಹತ್ತು ನಿಮಿಷದಲ್ಲಿ ಮುಗಿಯುವಂತಿರಬೇಕು, ಯಾವ ಹೊತ್ತಿನಲ್ಲಾದರೂ ಮಾಡುವಂತಿರಬೇಕು.

2020ರಲ್ಲಿ ಶಾಲೆ ಮುಚ್ಚಿದ್ದಾಗ ನಮ್ಮ ರಾಜ್ಯದ ವಿದ್ಯಾಗಮ ಯೋಜನೆ ಮಕ್ಕಳನ್ನು ಮೂರು ಗುಂಪು ಮಾಡಿತ್ತು: ಫೋನೇ ಇಲ್ಲದವರು, ಇಂಟರ್ನೆಟ್ ಇಲ್ಲದ ಫೋನ್ ಇರುವವರು, ಸ್ಮಾರ್ಟ್‌ಫೋನ್ ಇರುವವರು. ಆ ವಿಂಗಡಣೆ ಇವತ್ತಿಗೂ ಉಪಯೋಗಕ್ಕೆ ಬರುತ್ತದೆ. ಫೋನ್ ಇಲ್ಲದ ಮಕ್ಕಳಿಗೆ ಮಧ್ಯಾಹ್ನ ಊಟದ ಬಿಡುವಿನಲ್ಲಿ ನನ್ನದೇ ಫೋನಿಗೆ ಸಣ್ಣ ಸ್ಪೀಕರ್ ಸಿಕ್ಕಿಸಿ ಕೇಳಿಸುತ್ತೇನೆ. ಫೋನ್ ಕೆಲಸಕ್ಕೆ ಅಂಕ ಇಡಬೇಡಿ. ಇಟ್ಟರೆ ಅಪ್ಪನ ಸಂಬಳಕ್ಕೆ ಅಂಕ ಕೊಟ್ಟಂತಾಗುತ್ತದೆ.

ಒಂದು ನಿಮಿಷದ ಧ್ವನಿ

ವಿಡಿಯೊ ಬೇಡ, ಧ್ವನಿ ಸಾಕು. ಒಂದು ನಿಮಿಷದ ವಾಟ್ಸ್‌ಆ್ಯಪ್ ಧ್ವನಿ ಸಂದೇಶ ಕೆಲವು ನೂರು ಕೆಬಿ ದಾಟುವುದಿಲ್ಲ, ಅಷ್ಟೇ ಹೊತ್ತಿನ ವಿಡಿಯೊ ಹಲವು ಎಂಬಿ ತಿನ್ನುತ್ತದೆ. ಜೊತೆಗೆ, ಪರದೆಯಲ್ಲಿ ನೋಡಲು ಏನೂ ಇಲ್ಲದಿದ್ದಾಗ ಮಗು ಕಿವಿ ಕೊಡುತ್ತದೆ.

ರೆಕಾರ್ಡ್ ಮಾಡುವಾಗ ಫ್ಯಾನ್ ಆರಿಸಿ. ಬಟ್ಟೆ ತುಂಬಿದ ಬೀರುವಿನ ಬಾಗಿಲು ತೆರೆದು ಅದರ ಎದುರು ನಿಲ್ಲಿ, ಬಟ್ಟೆ ಪ್ರತಿಧ್ವನಿಯನ್ನು ಹೀರಿಕೊಳ್ಳುತ್ತದೆ. ಫೋನ್ ಬಾಯಿಂದ ಒಂದು ಗೇಣು ದೂರ, ತುಸು ಪಕ್ಕಕ್ಕೆ ಇರಲಿ. ನೇರ ಎದುರಿಗಿದ್ದರೆ ‘ಪ’, ‘ಭ’ ಹೇಳಿದಾಗ ಉಸಿರು ಗುದ್ದಿ ಪದವೇ ಒಡೆಯುತ್ತದೆ.

ಒಂದು ಪದ ಹೇಳಿ, ಅಷ್ಟೇ ಹೊತ್ತು ಸುಮ್ಮನಿರಿ. ಆ ಖಾಲಿ ಜಾಗ ಮಗುವಿನ ಬಾಯಿಗೆ. ಹಲ್ಲಿ, ಹಳ್ಳಿ. ಮನೆ, ಮಣೆ. ಕೊಡಿ, ಕೋಡಿ. ಜೋಡಿಗಳು ಮುಗಿದ ಮೇಲೆ ಒಂದು ವಾಕ್ಯ: ‘ಬೆಳೆ ಬರಲಿಲ್ಲ, ಬೇಳೆಯ ಬೆಲೆ ಏರಿತು.’ ನಾವು ಮೇಷ್ಟ್ರುಗಳು ಮಕ್ಕಳಿಗಾಗಿ ‘ಹ…ಳ್ಳಿ’ ಎಂದು ಎಳೆಯುತ್ತೇವೆ, ಅಂಗಡಿಯಲ್ಲಿ ಯಾರೂ ಹಾಗೆ ಎಳೆಯುವುದಿಲ್ಲ. ಮೊದಲ ಸಲ ನಿಧಾನವಾಗಿ, ಎರಡನೇ ಸಲ ಬಸ್ ಸ್ಟ್ಯಾಂಡಿನಲ್ಲಿ ಆಡುವ ವೇಗದಲ್ಲಿ ಹೇಳಿ.

ತರಗತಿಯಲ್ಲಿ ಮಾಡಲಾಗದ, ಫೋನಿನಲ್ಲಿ ಮಾತ್ರ ಆಗುವ ಒಂದು ಕೆಲಸವಿದೆ: ಬೇರೆ ಬೇರೆ ಮನೆಮಾತಿಗೆ ಬೇರೆ ಬೇರೆ ಧ್ವನಿ ಕಳಿಸುವುದು. ಹಿಂದಿ ಮಕ್ಕಳ ತೊಡಕು ‘ಳ’ ಮತ್ತು ಹ್ರಸ್ವ ಎ, ಒ. ತಮಿಳು ಮಕ್ಕಳಿಗೆ ‘ಳ’ ನೀರು ಕುಡಿದಷ್ಟು ಸಲೀಸು, ಆದರೆ ತಮಿಳು ಲಿಪಿಯಲ್ಲಿ ಕ ಮತ್ತು ಗ ಎರಡಕ್ಕೂ ಒಂದೇ ಅಕ್ಷರವಾದ್ದರಿಂದ ಗಾಳಿ ಕಾಳಿಯಾಗುತ್ತದೆ. ಇಬ್ಬರಿಗೂ ಒಂದೇ ಅಭ್ಯಾಸ ಕೊಟ್ಟರೆ ಒಬ್ಬರ ಹೊತ್ತು ವ್ಯರ್ಥ. ತನ್ನ ವೇಗದಲ್ಲಿ ತಾನು ಮೆಟ್ಟಿಲು ಹತ್ತುವ ಕಲಿಕೆ ನಮಗೆ ಹೊಸತೇನಲ್ಲ. 1995ರಲ್ಲಿ ಎಚ್.ಡಿ. ಕೋಟೆಯಲ್ಲಿ ಶುರುವಾದ, ಸರ್ಕಾರಿ ಶಾಲೆಗಳ ‘ನಲಿ ಕಲಿ’ ಪದ್ಧತಿ ಅದನ್ನು ಬರೀ ಕಾರ್ಡುಗಳಲ್ಲಿ ಮಾಡಿ ತೋರಿಸಿತ್ತು.

ಮಕ್ಕಳ ಧ್ವನಿ ಬರಲಿ, ಗುಂಪಿಗೆ ಬೇಡ

ವಾರಕ್ಕೆ ಎರಡು ಸಲ ಮಕ್ಕಳು ತಮ್ಮ ಧ್ವನಿ ಕಳಿಸಲಿ. ತರಗತಿಯ ಗುಂಪಿಗಲ್ಲ, ನಿಮಗೆ ಮಾತ್ರ. ಎಷ್ಟು ಸಲ ಬೇಕಾದರೂ ಅಳಿಸಿ ಮತ್ತೆ ಹೇಳಬಹುದೆಂದು ಮೊದಲೇ ತಿಳಿಸಿ. ಹಲ್ಲಿ ಎಂದು ನಗೆಗೀಡಾಗಿದ್ದ ಹುಡುಗನ ಮೊದಲ ಧ್ವನಿ ಬಂದದ್ದು ರಾತ್ರಿ ಒಂಬತ್ತೂ ಮುಕ್ಕಾಲಿಗೆ. ‘ಹಳ್ಳಿ’ ಎಂದು ಮೂರು ಸಲ. ಮೂರನೆಯದು ಸರಿಯಾಗಿತ್ತು. ಅದರ ಹಿಂದೆ, ಕುಕ್ಕರ್ ಸೀಟಿಯ ನಡುವೆ, ಒಬ್ಬ ಹೆಂಗಸಿನ ದನಿ ಮೆಲ್ಲಗೆ ‘ಹಳ್ಳಿ, ಹಳ್ಳಿ’ ಎನ್ನುತ್ತಿತ್ತು. ಅವನ ತಾಯಿಯೂ ಕಲಿಯುತ್ತಿದ್ದರು. ಈಗ ನಾನು ಧ್ವನಿ ಕಳಿಸುವಾಗಲೆಲ್ಲ ಆ ತಾಯಿಗೂ ಕೇಳಿಸಲೆಂದು ಸಂತೆಯ, ಬಸ್ಸಿನ, ಆಸ್ಪತ್ರೆಯ ಒಂದೆರಡು ಮಾತು ಸೇರಿಸುತ್ತೇನೆ.

ನಲವತ್ತೂ ಧ್ವನಿಗಳನ್ನು ಒಂದೇ ರಾತ್ರಿ ಕೇಳಹೋಗಬೇಡಿ, ತಿಂಗಳಲ್ಲೇ ಸುಸ್ತಾಗಿ ಬಿಟ್ಟುಬಿಡುತ್ತೀರಿ. ದಿನಕ್ಕೆ ಹತ್ತು ಸಾಕು. ಉತ್ತರವೂ ಧ್ವನಿಯಲ್ಲೇ ಇರಲಿ, ಒಂದು ತಪ್ಪನ್ನಷ್ಟೇ ತಿದ್ದಿ.

ಬೆಸುಗೆ: ಮೊದಲ ಐದು ನಿಮಿಷ

ಮನೆಯ ಕೆಲಸ ಮರುದಿನದ ಪಿರಿಯಡ್‌ನಲ್ಲಿ ಉಪಯೋಗಕ್ಕೆ ಬರದಿದ್ದರೆ ಎರಡೇ ವಾರದಲ್ಲಿ ಮಕ್ಕಳು ಅದನ್ನು ಕೈಬಿಡುತ್ತಾರೆ. ಹಾಗಾಗಿ ಹಾಜರಿಯನ್ನೂ ಅದಕ್ಕೇ ಬಳಸುತ್ತೇನೆ. ಹೆಸರು ಕರೆದಾಗ ‘ಪ್ರೆಸೆಂಟ್ ಮ್ಯಾಮ್’ ಬದಲು ನಿನ್ನೆಯ ಪದವೊಂದನ್ನು ಸೇರಿಸಿದ ವಾಕ್ಯ ಹೇಳಬೇಕು. ಉಚ್ಚಾರ ತಪ್ಪಿದರೆ ಅಂಗೈ ಚಾಚಿ ಬೆರಳ ತುದಿಯನ್ನು ಮೇಲಕ್ಕೆ, ಹಿಂದಕ್ಕೆ ಮಡಚುತ್ತೇನೆ: ‘ಳ’ಗೆ ನಾಲಿಗೆ ಹೀಗೆ ಮಡಚಬೇಕು. ಇಡೀ ತರಗತಿ ಕೈ ಮಡಚುತ್ತದೆ. ಆಮೇಲೆ ಬೆಂಚುಗಳನ್ನು ಸರಿಸಿ ಸಂತೆ ಹೂಡುತ್ತೇವೆ. ಈ ಹೊತ್ತಿನಲ್ಲಿ ಯಾವ ಪರದೆಯೂ ಬೇಡ, ಸ್ಮಾರ್ಟ್ ಬೋರ್ಡ್ ಕೂಡ ಆರಿರಲಿ.

ಓದು ಮತ್ತು ನಿಘಂಟು

ಪ್ರಥಮ್ ಬುಕ್ಸ್ 2015ರಲ್ಲಿ ಆರಂಭಿಸಿದ ಸ್ಟೋರಿವೀವರ್ ಜಾಲತಾಣದಲ್ಲಿ ಕನ್ನಡ ಕತೆಗಳು ಓದಿನ ಮಟ್ಟಕ್ಕೆ ತಕ್ಕಂತೆ ಸಿಗುತ್ತವೆ. ಮುಕ್ತ ಪರವಾನಗಿ ಇರುವುದರಿಂದ ಮುದ್ರಿಸಿ ಹಂಚಲೂಬಹುದು. ಆರನೇ ತರಗತಿಯವರಿಗೂ ಒಂದನೇ ಹಂತದ ಕತೆಯಿಂದಲೇ ಶುರುಮಾಡಿ, ಸಂಕೋಚ ಬೇಡ. ರಾಜ್ಯ ಪಠ್ಯಪುಸ್ತಕದ ಕ್ಯೂಆರ್ ಕೋಡ್‌ಗಳು ‘ದೀಕ್ಷಾ’ ಎಂಬ ಸರ್ಕಾರಿ ಆನ್‌ಲೈನ್ ಕಲಿಕಾ ವೇದಿಕೆಗೆ ಕರೆದೊಯ್ಯುತ್ತವೆ. ಏನು ತೆರೆದುಕೊಳ್ಳುತ್ತದೆ ಎಂದು ನೀವು ನೋಡಿದ ಮೇಲೆಯೇ ಮಕ್ಕಳಿಗೆ ಹೇಳಿ.

ನನಗೆ ಅತಿ ಹೆಚ್ಚು ಫಲ ಕೊಟ್ಟದ್ದು ನಿಘಂಟು. ವಿ. ಕೃಷ್ಣ ಅವರು ದಶಕಗಳ ಕಾಲ ಕೂತು ಕಟ್ಟಿದ ಕನ್ನಡ–ಇಂಗ್ಲಿಷ್ ನಿಘಂಟು ‘ಅಲರ್’ 2019ರಿಂದ ಅಂತರ್ಜಾಲದಲ್ಲಿ ಉಚಿತವಾಗಿದೆ, ಸುಮಾರು 1.5 ಲಕ್ಷ ಪದಗಳಿವೆ. ಪಾಠದಲ್ಲಿ ಬಂದ ‘ತೋಟಗಳಿಂದ’ ಎಂಬುದನ್ನು ಹಾಗೇ ಹುಡುಕಿದರೆ ಪ್ರಯೋಜನವಿಲ್ಲ. ‘ಇಂದ’ ಕಳಚಬೇಕು, ‘ಗಳು’ ಕಳಚಬೇಕು, ಆಗ ‘ತೋಟ’ ಸಿಗುತ್ತದೆ. ‘ಹೊರಟನು’ ಎಂಬುದಕ್ಕೆ ‘ಹೊರಡು’ ಎಂದು ಊಹಿಸಬೇಕು. ಮೂರು ನಾಲ್ಕು ಪದ ಹೀಗೆ ಬಿಡಿಸಿದ ಹುಡುಗಿಯೊಬ್ಬಳು “ಮ್ಯಾಮ್, ಪ್ರತ್ಯಯ ಅಂದರೆ ಇದೇನಾ?” ಎಂದಳು. ನನ್ನ ಹನ್ನೆರಡು ನಿಮಿಷದ ವಿಡಿಯೊ ಮಾಡಲಾಗದ್ದನ್ನು ಆ ಹುಡುಕಾಟ ಮಾಡಿತ್ತು.

ಕಲಿತದ್ದು ಮರೆತುಹೋಗುವ ವೇಗವನ್ನು ಜರ್ಮನಿಯ ಮನೋವಿಜ್ಞಾನಿ ಎಬ್ಬಿಂಗ್‌ಹೌಸ್ 1885ರಲ್ಲೇ ಅಳೆದು ತೋರಿಸಿದ್ದ. ಇವತ್ತಿನ ಪದ ನಾಳೆ, ಮೂರನೇ ದಿನ, ಮುಂದಿನ ವಾರ ಮತ್ತೆ ಧ್ವನಿಯಲ್ಲಿ ಬರಲಿ. ಅದಕ್ಕೆ ಬೇರೆ ಆ್ಯಪ್ ಬೇಕಿಲ್ಲ.

ಯಂತ್ರದ ಕಿವಿಯನ್ನು ಎಷ್ಟು ನಂಬಬೇಕು?

ಗೂಗಲ್ 2017ರಿಂದ ಕನ್ನಡದ ಮಾತನ್ನು ಕೇಳಿ ಟೈಪ್ ಮಾಡುತ್ತದೆ. ಮಗು ‘ಹಳ್ಳಿ’ ಎಂದಾಗ ಪರದೆಯ ಮೇಲೆ ಏನು ಮೂಡುತ್ತದೆ ಎಂಬುದು ಒಳ್ಳೆಯ ಆಟ. ಆದರೆ ಯಂತ್ರ ಹಿಂದು ಮುಂದಿನ ಪದ ನೋಡಿ ಊಹಿಸುತ್ತದೆ. ‘ಅಜ್ಜಿ ಹಲ್ಲಿಯಲ್ಲಿ ಇದ್ದಾರೆ’ ಎಂದರೂ ಅದು ‘ಹಳ್ಳಿ’ ಎಂದೇ ಬರೆದು ತಪ್ಪನ್ನು ಮುಚ್ಚಿಬಿಡಬಹುದು. ಅದಕ್ಕೇ ಬಿಡಿ ಪದಗಳನ್ನಷ್ಟೇ ಹೇಳಿಸಿ. ಸರಿ ತಪ್ಪಿನ ತೀರ್ಪು ನಿಮ್ಮ ಕಿವಿಯದೇ ಇರಲಿ.

ಬರವಣಿಗೆಯ ವಿಷಯದಲ್ಲಿ ನಾನು ಕಟ್ಟುನಿಟ್ಟು. ಪ್ರಬಂಧವನ್ನು ಮನೆಗೆ ಕೊಟ್ಟರೆ ಅನುವಾದ ಯಂತ್ರದಿಂದ ಇಳಿದ ನುಣುಪಾದ ಕನ್ನಡ ಬರುತ್ತದೆ, “ಈ ಪದದ ಅರ್ಥವೇನು ಪುಟ್ಟಾ?” ಎಂದರೆ ಮಗು ನೆಲ ನೋಡುತ್ತದೆ. ಆದ್ದರಿಂದ ಬರವಣಿಗೆ ತರಗತಿಯಲ್ಲಿ, ಪೆನ್ನಿನಲ್ಲಿ. ಒತ್ತಕ್ಷರ ಕೈಗೆ ಕೂರುವುದು ಕೈಯಲ್ಲಿ ಬರೆದಾಗಲೇ.

ಇನ್ನೊಂದು ಮಾತು. ಜೂನ್ ತಿಂಗಳ ಮೊದಲ ವಾರದ ಧ್ವನಿಗಳನ್ನು ಒಂದು ಫೋಲ್ಡರಿನಲ್ಲಿ ಎತ್ತಿಡಿ. ಮಾರ್ಚ್‌ನಲ್ಲಿ ಪ್ರತಿ ಮಗುವನ್ನೂ ಒಬ್ಬೊಬ್ಬರನ್ನೇ ಕರೆದು, ಅದರದೇ ಹಳೆಯ ಧ್ವನಿಯನ್ನೂ ಹೊಸ ಧ್ವನಿಯನ್ನೂ ಕೇಳಿಸಿ. ಕೇಳಿಸಿದ ಮೇಲೆ ಎಲ್ಲವನ್ನೂ ಅಳಿಸಿಬಿಡಿ, ಮಕ್ಕಳ ಧ್ವನಿ ನಮ್ಮ ಫೋನಿನಲ್ಲಿ ವರ್ಷಗಟ್ಟಲೆ ಇರಬಾರದು.