ಚೌಕಾಬಾರಕ್ಕೆ ಗ್ಲಾಸು ಸೇರಿಸುವುದು ಹೇಗೆ

ಮಳೆಗಾಲದಲ್ಲಿ ತೀರ್ಥಹಳ್ಳಿ, ಹೊಸನಗರ, ಸಾಗರದ ಕಡೆ ನಾಲ್ಕು ಜನ ಗೆಳೆಯರು ಸೇರಿದಾಗ ಕರೆಂಟೂ ಹೋಗಿ ನೆಟ್‌ವರ್ಕೂ ಹೋದರೆ ಉಳಿಯುವುದು ಎರಡೇ, ಮಾತು ಮತ್ತು ಬಾಟಲಿ. ಸ್ವಲ್ಪ ಹೊತ್ತಿಗೆ ಮಾತು ಮುಗಿಯುತ್ತದೆ. ಆಮೇಲೆ ಬರೀ ಬಾಟಲಿ. ಅಂಥ ರಾತ್ರಿಗೆ ಮಧ್ಯದಲ್ಲಿ ಒಂದು ಚೌಕಾಬಾರ, ಅಂದರೆ ಕವಡೆ ಹಾಕಿ ಕಾಯಿ ನಡೆಸುವ ಹಳೇ ಮಣೆಯಾಟ, ಇಡಿ ಅಂತ ನಾನು ಹೇಳುತ್ತೇನೆ. ಸರಿಯಾಗಿ ಇಟ್ಟರೆ ಸಂಜೆಯೂ ಚೆನ್ನಾಗಿರುತ್ತದೆ, ಕುಡಿಯುವುದೂ ಕಮ್ಮಿಯಾಗುತ್ತದೆ.

ಸರಿಯಾಗಿ ಅಂದರೆ ಹೇಗೆ? ಕುಡಿಯುವ ಆಟ ಅಂದ ಕೂಡಲೇ ಎಲ್ಲರೂ ಮಾಡುವುದು ಒಂದೇ, ಸೋತವನಿಗೆ ಕುಡಿಸುವುದು. ಇದು ಕೆಟ್ಟ ನಿಯಮ. ಸೋತವನು ಕುಡಿಯುತ್ತಾನೆ, ಕುಡಿದವನಿಗೆ ಲೆಕ್ಕ ತಪ್ಪುತ್ತದೆ, ಲೆಕ್ಕ ತಪ್ಪಿದವನು ಇನ್ನೂ ಸೋಲುತ್ತಾನೆ, ಅರ್ಧ ಗಂಟೆಯಲ್ಲಿ ಅವನು ಗೋಡೆಗೆ ಒರಗಿರುತ್ತಾನೆ, ಉಳಿದ ಮೂವರಿಗೂ ಆಟ ಬೇಡವಾಗಿರುತ್ತದೆ. ಅದಕ್ಕೇ ತಿರುಗಿಸಿ. ಮುಂದೆ ಹೋಗುವವನು ಕುಡಿಯಲಿ. ಕಾಯಿ ಕಡಿದವನು, ಅಂದರೆ ಬೇರೆಯವರ ಕಾಯಿ ಇರುವ ಚೌಕಕ್ಕೆ ಬಂದು ಅದನ್ನು ಮೊದಲಿಗೆ ಕಳಿಸಿದವನು, ಕುಡಿಯಲಿ, ಕಡಿಸಿಕೊಂಡವನು ಬೇಡ. ಆಗ ಗೆಲ್ಲುತ್ತಿರುವವನ ಲೆಕ್ಕ ಸ್ವಲ್ಪ ಸಡಿಲ ಆಗುತ್ತದೆ, ಹಿಂದೆ ಇರುವವನಿಗೆ ಅವಕಾಶ ಸಿಗುತ್ತದೆ, ಆಟ ಕೊನೆವರೆಗೂ ಬಿಗಿಯಾಗಿ ನಡೆಯುತ್ತದೆ.

ಚೌಕಾಬಾರ ಮರೆತವರಿಗೆ ಒಂದು ಸಾರಿ ಹೇಳಿಬಿಡುತ್ತೇನೆ. ಕೆಲವು ಕಡೆ ಇದನ್ನೇ ಕಟ್ಟೆಮನೆ ಅಂತಾರೆ. ಐದು ಸಾಲು, ಐದು ಕಂಬ, ಒಟ್ಟು 25 ಚೌಕ. ನಾಲ್ಕೂ ಬದಿಯ ನಟ್ಟನಡುವಿನ ಚೌಕಕ್ಕೆ ಅಡ್ಡಗೆರೆ ಎಳೆದರೆ ಅವು ನಾಲ್ಕು ಜನರ ಮನೆ. ಮಧ್ಯದ ಚೌಕ ಹಣ್ಣಾಗುವ ಜಾಗ, ಅಲ್ಲಿಗೆ ಕಾಯಿಯ ದಾರಿ ಮುಗಿಯಿತು. ಒಬ್ಬೊಬ್ಬರಿಗೆ ನಾಲ್ಕು ಕಾಯಿ. ಹೊರಸುತ್ತನ್ನು ಗಡಿಯಾರದ ಮುಳ್ಳಿಗೆ ಎದುರಾಗಿ ಸುತ್ತಬೇಕು, ಒಳಸುತ್ತನ್ನು ಮುಳ್ಳಿನ ದಿಕ್ಕಿನಲ್ಲಿ. ಮನೆಯಲ್ಲಿ ಕೂತ ಕಾಯಿಯನ್ನು ಯಾರೂ ಕಡಿಯುವ ಹಾಗಿಲ್ಲ. ಒಂದಾದರೂ ಕಾಯಿ ಕಡಿಯದೆ ಒಳಸುತ್ತಿಗೆ ಹೋಗುವ ಹಾಗಿಲ್ಲ. ಗಟ್ಟಿ ಕಟ್ಟುವುದು (ತನ್ನ ಎರಡು ಕಾಯಿಯನ್ನು ಒಂದೇ ಚೌಕದಲ್ಲಿ ಜೋಡಿ ಮಾಡುವುದು), ಮೂರು ಸಲ ಬಾರ, ಅಂದರೆ 8, ಬಿದ್ದರೆ ರದ್ದು, ಇಂಥದ್ದೆಲ್ಲ ಮನೆಯಿಂದ ಮನೆಗೆ ಬದಲಾಗುತ್ತದೆ. ಆಟ ಶುರುವಾಗುವ ಮೊದಲೇ ಯಾರ ಮನೆಯ ನಿಯಮ ಅಂತ ತೀರ್ಮಾನ ಮಾಡಿಕೊಳ್ಳಿ. ಗ್ಲಾಸು ಕೈಗೆ ಬಂದ ಮೇಲೆ "ನಮ್ಮ ಅಜ್ಜಿ ಹೀಗೇ ಆಡ್ತಿದ್ರು" ಅಂತ ಶುರುವಾದರೆ ಅದು ಮುಗಿಯುವ ಜಗಳ ಅಲ್ಲ.

ಕವಡೆ ಬೇಡ, ಹುಣಸೆ ಬೀಜ ಸಾಕು. ಮನೆಯಲ್ಲಿ ಅಜ್ಜಿ ಕಾಲದ ಕವಡೆ ಇದ್ದರೆ ಅದನ್ನು ಈ ಆಟಕ್ಕೆ ತರಲೇಬೇಡಿ. ಕತ್ತಲಲ್ಲಿ ಒಂದು ಕಳೆದರೂ ಸಿಗುವುದಿಲ್ಲ, ಮತ್ತೆ ಅವು ಅವರು ಮುಟ್ಟಿ ಆಡಿದ ವಸ್ತು. ಒಂದೇ ಅಳತೆಯ ನಾಲ್ಕು ಹುಣಸೆ ಬೀಜ ತೆಗೆದುಕೊಂಡು ಒರಟು ಕಲ್ಲಿಗೆ ಒಂದು ಬದಿ ತಿಕ್ಕಿ, ಬೆಳ್ಳಗೆ ಕಾಣುವ ತನಕ. ಎಷ್ಟು ಬಿಳಿ ಮೇಲೆ ಬಂತೋ ಅಷ್ಟು ನಡೆ. ನಾಲ್ಕೂ ಬಿಳಿ ಬಿದ್ದರೆ ಚೌಕ, 4. ನಾಲ್ಕೂ ಕಪ್ಪು ಬಿದ್ದರೆ ಬಾರ, 8. ಈ ಎರಡಕ್ಕೂ ಇನ್ನೊಂದು ಆಟ ಸಿಗುತ್ತದೆ.

ಮಣೆಯನ್ನು ನೆಲದ ಮೇಲೆ ಸೀಮೆಸುಣ್ಣದಲ್ಲಿ ಬರೆಯುವುದು ರೂಢಿ. ಗ್ಲಾಸು ಇರುವ ಆಟಕ್ಕೆ ಅದು ಆಗುವುದಿಲ್ಲ, ಒಂದು ಲೋಟ ಚೆಲ್ಲಿದರೆ ಅರ್ಧ ಊರೇ ಅಳಿಸಿಹೋಗುತ್ತದೆ. ರಟ್ಟಿನ ಮೇಲೆ ಪೇಂಟಲ್ಲಿ ಬರೆದಿಟ್ಟುಕೊಳ್ಳಿ. ಕಾಯಿಗೆ ಬಳೆ ಚೂರು, ಕಾಫಿ ಬೀಜ, ಅಂಗಿ ಗುಂಡಿ, ಸಣ್ಣ ಕಲ್ಲು. ಇಡೀ ಅಡಿಕೆ ಬೇಡ, ಉರುಳುತ್ತದೆ. ಲೋಟಗಳು ಮಣೆಯಿಂದ ಒಂದು ಮೊಳ ದೂರ ಇರಲಿ.

ಈಗ ಮುಖ್ಯ ವಿಷಯ, ಅಳತೆ. ಇಲ್ಲಿ ಸ್ವಲ್ಪ ಲೆಕ್ಕ ಇದೆ, ಬೇಜಾರು ಮಾಡಿಕೊಳ್ಳಬೇಡಿ, ಇಡೀ ಆಟ ನಿಂತಿರುವುದೇ ಇದರ ಮೇಲೆ.

ನಾಲ್ಕು ಬೀಜ ಎರಡು ಬದಿಗೂ ಸಮವಾಗಿ ಬೀಳುತ್ತವೆ ಅಂತ ಇಟ್ಟುಕೊಂಡರೆ ಒಟ್ಟು 16 ರೀತಿಯಲ್ಲಿ ಬೀಳಬಹುದು. ಅದರಲ್ಲಿ ಚೌಕ ಒಂದು, ಬಾರ ಒಂದು. ಅಂದರೆ ಸರಾಸರಿ ಎಂಟು ಸಲ ಹಾಕಿದರೆ ಒಮ್ಮೆ ಚೌಕವೋ ಬಾರವೋ ಬೀಳುತ್ತದೆ. ಒಂದು ಸಲಕ್ಕೆ ಸರಾಸರಿ ಎರಡೂವರೆ ನಡೆ. ಒಂದು ಕಾಯಿ ಹಣ್ಣಾಗಲು 24 ನಡೆ ಬೇಕು, ಹೊರಸುತ್ತಲ್ಲಿ 15, ಒಳಸುತ್ತಲ್ಲಿ 8, ಕೊನೆಗೆ ನಡುವಿಗೆ 1. ನಾಲ್ಕು ಕಾಯಿಗೆ 96. ಅಲ್ಲಿಗೆ ಒಬ್ಬ ಗೆಲ್ಲಬೇಕಾದರೆ ಸರಾಸರಿ 38 ಸಲದ ಹತ್ತಿರ ಬೀಜ ಹಾಕಬೇಕು, ಕಡಿಸಿಕೊಂಡರೆ ಇನ್ನೂ ಜಾಸ್ತಿ. "ಪ್ರತಿ ಸಲಕ್ಕೂ ಒಂದು ಗುಟುಕು" ಅಂತ ನಿಯಮ ಮಾಡಿದವರು ಯಾಕೆ ಆಟ ಮುಗಿಸುವುದಿಲ್ಲ ಅಂತ ಈಗ ಗೊತ್ತಾಯ್ತಲ್ವಾ?

ಹಾಗಾಗಿ ಗುಟುಕು ನಾಲ್ಕು ಕಡೆ ಮಾತ್ರ. ಚೌಕ ಬಿದ್ದರೆ ಹಾಕಿದವನಿಗೆ ಒಂದು. ಬಾರ ಬಿದ್ದರೆ ಹಾಕಿದವನು ತನಗೆ ಬೇಕಾದವರಿಗೆ ಒಂದು ಕೊಡಬಹುದು. ಕಾಯಿ ಕಡಿದರೆ ಕಡಿದವನಿಗೆ ಒಂದು, ಕಾಯಿ ಹಣ್ಣಾದರೂ ಒಂದು. ಇದನ್ನು ಕೂಡಿಸಿ ನೋಡಿ. ಚೌಕ ಬಾರದಿಂದ ಒಂದು ಆಟಕ್ಕೆ ತಲೆಗೆ ಐದರ ಸುಮಾರು, ಹಣ್ಣಿಗೆ ಹೆಚ್ಚೆಂದರೆ ನಾಲ್ಕು, ಕಡಿದದ್ದಕ್ಕೆ ಮೂರೋ ನಾಲ್ಕೋ. ಹನ್ನೆರಡು, ಹದಿಮೂರು ಗುಟುಕಿಗೆ ಆಟ ಮುಗಿಯುತ್ತದೆ. ಬಾರ ಬಿದ್ದವನು ಯಾರಿಗೆ ಕೊಡುತ್ತಾನೆ ಅನ್ನುವುದರಲ್ಲೇ ಅರ್ಧ ಮಜಾ ಇದೆ, ಯಾಕೆಂದರೆ ಎಲ್ಲರೂ ಮುಂದೆ ಇರುವವನಿಗೇ ಕೊಡುತ್ತಾರೆ, ಅವನು ಅಣ್ಣನಾದರೂ ಸರಿ, ಭಾವನಾದರೂ ಸರಿ.

ಗುಟುಕು ಅಂದರೆ 20 ಮಿಲಿ, ನಾಲ್ಕು ಟೀ ಚಮಚ. ಆಟಕ್ಕೆ ಮುಂಚೆ ಚಮಚದಲ್ಲಿ ಅಳೆದು ಒಮ್ಮೆ ಎಲ್ಲರಿಗೂ ತೋರಿಸಿ, ಬಾಯಿಗೆ ಅಂದಾಜು ಸಿಗುತ್ತದೆ. ಹನ್ನೆರಡು ಗುಟುಕು ಅಂದರೆ 240 ಮಿಲಿ, ಒಂದು ದೊಡ್ಡ ಲೋಟ. ಒಂದು ಆಟಕ್ಕೆ ತಲೆಗೆ ಒಂದೇ ಲೋಟ. ವಿಸ್ಕಿ, ರಮ್ಮು ಆದರೆ ಒಂದು ಸ್ಮಾಲ್, ಅಂದರೆ 30 ಮಿಲಿ ಹಾಕಿ ಉಳಿದ 210 ಮಿಲಿ ನೀರೋ ಸೋಡಾನೋ ತುಂಬಿಸಿ. ಬಿಯರ್ ಆದರೆ 5 ಪರ್ಸೆಂಟಿನದ್ದನ್ನು ಹಾಗೇ 240 ಮಿಲಿ ಹಾಕಿ. ಎರಡೂ ಹತ್ತಿರ ಹತ್ತಿರ ಒಂದೇ. ನಮ್ಮಲ್ಲಿ ಸಿಗುವ ವಿಸ್ಕಿಯಲ್ಲಿ ಸಾಮಾನ್ಯವಾಗಿ 42.8 ಪರ್ಸೆಂಟ್ ಆಲ್ಕೋಹಾಲ್ ಇರುತ್ತದೆ, 30 ಮಿಲಿಯಲ್ಲಿ 13 ಮಿಲಿ ಹತ್ತಿರ. ಬಿಯರ್ ಲೋಟದಲ್ಲಿ 12. "ಬಿಯರ್ ಏನೂ ಮಾಡಲ್ಲ ಬಿಡೋ" ಅನ್ನುವವರಿಗೆ ಈ ಲೆಕ್ಕ ತೋರಿಸಿ. 650 ಮಿಲಿಯ ಮಾಮೂಲಿ ಬಿಯರ್ ಬಾಟಲಿ ಎರಡೂವರೆ ಸ್ಮಾಲಿಗೆ ಸಮ. ಸ್ಟ್ರಾಂಗ್ ಬಿಯರ್ 8 ಪರ್ಸೆಂಟ್ ಇದ್ದರೆ ಅದೇ ಬಾಟಲಿ ನಾಲ್ಕು ಸ್ಮಾಲ್. ಈ ಆಟಕ್ಕೆ ಸ್ಟ್ರಾಂಗ್ ಬೇಡ, ಅಳತೆ ಎಲ್ಲಾ ಕೆಡುತ್ತದೆ.

ಒಂದು ಲೋಟ ಒಂದು ಆಟ ಅಂತ ಯಾಕೆ ಪಟ್ಟು ಹಿಡಿಯುತ್ತೇನೆ ಅಂದರೆ, ನಾಲ್ಕು ಜನ ಆಡಿದರೆ ಒಂದು ಚೌಕಾಬಾರಕ್ಕೆ ಒಂದು ಗಂಟೆಯಾದರೂ ಬೇಕು. ನಮ್ಮ ಲಿವರ್ ಒಂದು ಸ್ಮಾಲ್ ಕರಗಿಸಲೂ ಗಂಟೆಯೋ ಅದಕ್ಕಿಂತ ಸ್ವಲ್ಪ ಜಾಸ್ತಿಯೋ ತೆಗೆದುಕೊಳ್ಳುತ್ತದೆ. ಆಟದ ವೇಗವೂ ದೇಹದ ವೇಗವೂ ಇಷ್ಟು ಚೆನ್ನಾಗಿ ಹೊಂದುವ ಇನ್ನೊಂದು ಆಟ ನನಗೆ ಗೊತ್ತಿಲ್ಲ. ಲೋಟ ಬೇಗ ಖಾಲಿಯಾದರೆ ಮತ್ತೆ ತುಂಬಿಸಬೇಡಿ, ಉಳಿದ ಗುಟುಕೆಲ್ಲಾ ನೀರು. ಆಟ ಮುಗಿದಾಗ ಲೋಟದಲ್ಲಿ ಉಳಿದಿದ್ದರೆ ಒಂದೇ ಉಸಿರಿಗೆ ಮುಗಿಸು ಅಂತ ಯಾರಿಗೂ ಹೇಳಬೇಡಿ.

ಇನ್ನು ನನಗೆ ತುಂಬಾ ಇಷ್ಟವಾದ ನಿಯಮ. ಮಲೆನಾಡಲ್ಲಿ ಮನೆಗೆ ಯಾರೇ ಬರಲಿ, ಮೊದಲು ಬೆಲ್ಲ ನೀರು ಕೊಡುವುದು ಪದ್ಧತಿ. ಅದನ್ನು ಮಣೆಯ ಮೇಲೂ ತನ್ನಿ. ನಿಮ್ಮ ಕಾಯಿ ಬೇರೆಯವರ ಮನೆಯಲ್ಲಿ ಹೋಗಿ ಕೂತಿತು ಅಂದರೆ ನೀವು ಅವರ ನೆಂಟರು. ಆ ಮನೆಯವರು ಎದ್ದು ನಿಮಗೆ ಅರ್ಧ ಲೋಟ ನೀರು, ಒಂದು ಚೂರು ಬೆಲ್ಲ ಕೊಡಬೇಕು, ಜೊತೆಗೆ ಹಲಸಿನ ಹಪ್ಪಳವೋ ಕೋಡುಬಳೆಯೋ ಏನಿದೆಯೋ ಅದು. ನೀವು ಬೇಡ ಅನ್ನುವ ಹಾಗಿಲ್ಲ, ನೆಂಟರು ಹಾಗೆ ಹೇಳಬಾರದು. ಒಂದೊಂದು ಕಾಯಿ ದಾರಿಯಲ್ಲಿ ಮೂರು ಬೇರೆ ಮನೆ ದಾಟುತ್ತದೆ. ಮನೆಯಲ್ಲಿ ಕೂತರೆ ಕಡಿಯುವ ಹಾಗಿಲ್ಲವಲ್ಲ, ಹಾಗಾಗಿ ಎಲ್ಲರೂ ಅಲ್ಲೇ ಕೂರಲು ನೋಡುತ್ತಾರೆ. ಹೀಗೆ ಒಂದು ಆಟದಲ್ಲಿ ತಲೆಗೆ ಐದಾರು ಸಲವಾದರೂ ನೀರು ಒಳಗೆ ಹೋಗುತ್ತದೆ. ಹೊಟ್ಟೆಯಲ್ಲಿ ತಿಂಡಿ ಇದ್ದರೆ ಆಲ್ಕೋಹಾಲ್ ರಕ್ತಕ್ಕೆ ಸೇರುವುದು ನಿಧಾನ ಆಗುತ್ತದೆ, ನೀರಿದ್ದರೆ ಮೈ ಒಣಗುವುದು ಕಮ್ಮಿ. "ನೀರು ಕುಡಿಯೋ" ಅಂತ ಯಾರೂ ಬೈಯಬೇಕಾಗಿಲ್ಲ, ಆಟವೇ ಕುಡಿಸುತ್ತದೆ. ಕಾಯಿ ಕಡಿಸಿಕೊಂಡವನಿಗೂ ಒಂದು ಹಪ್ಪಳ ಕೊಡಿ. ಇಪ್ಪತ್ತು ಚೌಕ ನಡೆದು ಮತ್ತೆ ಮೊದಲಿಂದ ಶುರು ಮಾಡುವ ಸಂಕಟಕ್ಕೆ ಅಷ್ಟಾದರೂ ಬೇಡವಾ?

ಕುಡಿಯದವರು ಇದ್ದೇ ಇರುತ್ತಾರೆ. ಅವರನ್ನು ಬಿಟ್ಟು ಆಡಬೇಡಿ, ಒತ್ತಾಯವನ್ನೂ ಮಾಡಬೇಡಿ. ಅವರ ಲೋಟದಲ್ಲಿ ಅಪ್ಪೆಹುಳಿ ಇರಲಿ. ಹುಳಿ ಮಾವಿನಕಾಯಿ ಬೇಯಿಸಿ, ಕಿವುಚಿ, ಜಾಸ್ತಿ ನೀರು ಹಾಕಿ, ಉಪ್ಪು, ಹಸಿಮೆಣಸು, ಸಾಸಿವೆ ಇಂಗಿನ ಒಗ್ಗರಣೆ ಕೊಟ್ಟರೆ ಆಯ್ತು. ಉಂಡ ಮೇಲೆ ಅಪ್ಪೆಹುಳಿ ಕುಡಿದರೆ ನಿದ್ದೆ ಎಳೆಯುತ್ತದೆ ಅಂತ ನಮ್ಮ ಕಡೆ ಹೇಳುತ್ತಾರೆ, ಹಾಗಾಗಿ ಅವರಿಗೂ ಆಟ ಸುಲಭ ಅಲ್ಲ. ಮುರುಗಲ (ಕೋಕಂ) ಹಣ್ಣಿನ ಪಾನಕ, ನೀರು ಮಜ್ಜಿಗೆ, ಯಾವುದಾದರೂ ನಡೆಯುತ್ತದೆ. ಕುಡಿಯುವವರೂ ಯಾವ ಗುಟುಕಿಗೆ ಬೇಕಾದರೂ "ನೀರು" ಅನ್ನಬಹುದು, ಯಾಕೆ ಅಂತ ಯಾರೂ ಕೇಳಬಾರದು. ಈ ಮಾತನ್ನು ಶುರುವಿನಲ್ಲೇ ಜೋರಾಗಿ ಹೇಳಿ. ಆಮೇಲೆ ಹೇಳಿದರೆ ಯಾರ ಕಿವಿಗೂ ಬೀಳುವುದಿಲ್ಲ.

21 ತುಂಬದವರಿಗೆ ಮದ್ಯದ ಲೋಟ ಬೇಡ. ಮಾತ್ರೆ ತೆಗೆದುಕೊಳ್ಳುತ್ತಿರುವವರಿಗೆ, ಬಸುರಿಯರಿಗೆ ಬೇಡ. ಮನೆಯಲ್ಲಿ ಅಜ್ಜಿ, ಮಕ್ಕಳು ಕೂತಿದ್ದಾರೆ ಅಂದರೆ ಇಡೀ ಆಟವನ್ನು ಅಪ್ಪೆಹುಳಿಯಲ್ಲೇ ಆಡಿ. ಮೆಣಸು ಸ್ವಲ್ಪ ಏರಿಸಿದರೆ ಗುಟುಕಿಗೂ ಬೆಲೆ ಬರುತ್ತದೆ, ಮಕ್ಕಳ ಲೋಟಕ್ಕೆ ಮಾತ್ರ ಪಾನಕ. ಮತ್ತೆ ಅಜ್ಜಿಯಂದಿರು ಕಾಯಿ ಕಡಿಯುವುದನ್ನು ನೋಡುವುದೇ ಒಂದು ಪಾಠ.

ಬೇರೆ ಆಟ ಆಗಲ್ವಾ? ಹಾವು ಏಣಿ ಆಗುತ್ತದೆ, ಏಣಿ ಹತ್ತಿದವನಿಗೆ ಗುಟುಕು, ಹಾವು ನುಂಗಿದವನಿಗೆ ನೀರು. ಆದರೆ ಅದರಲ್ಲಿ ಯೋಚನೆ ಮಾಡುವುದು ಏನೂ ಇಲ್ಲ, ಎರಡನೇ ಆಟಕ್ಕೇ ಬೇಸರ. ಲೂಡೋ ಚೆನ್ನಾಗಿ ನಡೆಯುತ್ತದೆ, ಇದೇ ನಿಯಮ, ಚೌಕ ಬಾರದ ಬದಲು ಆರು. ದಾಳದಲ್ಲಿ ಆರು ಬೀಳುವುದು ಎಂಟು ಸಲಕ್ಕಲ್ಲ, ಆರು ಸಲಕ್ಕೊಮ್ಮೆ, ದಾರಿಯೂ ಉದ್ದ, ಹಾಗಾಗಿ ಗುಟುಕನ್ನು 10 ಮಿಲಿಗೆ ಇಳಿಸಿ. ಕೇರಂ ಬೇಡವೇ ಬೇಡ, ಬೋರ್ಡಿಗೆ ಒಂದು ಹನಿ ಬಿದ್ದರೂ ಪೌಡರ್ ಅಂಟಾಗಿ ಬೋರ್ಡೇ ಹಾಳು. ಚೆನ್ನೆಮಣೆಯನ್ನೂ ಬಿಟ್ಟುಬಿಡಿ. ಗುಳಿಯಿಂದ ಗುಳಿಗೆ ಕಾಳು ಎಣಿಸಿ ಹಾಕುವ ಆಟ ಅದು, ಪೂರ್ತಿ ಎಚ್ಚರದಲ್ಲಿ ಆಡಿದರೇ ಅದರ ರುಚಿ ಸಿಗುವುದು.

ಎರಡು ಆಟಕ್ಕೆ ನಿಲ್ಲಿಸಿ. ಮೂರನೇದು ಬೇಕೇ ಬೇಕು ಅನಿಸಿದರೆ ಬೆಲ್ಲ ನೀರಿನಲ್ಲಿ ಆಡಿ. ಮತ್ತೆ ಆಡಿದವರು ಯಾರೂ ಆ ರಾತ್ರಿ ಗಾಡಿ ಮುಟ್ಟಬಾರದು. 100 ಮಿಲಿ ರಕ್ತದಲ್ಲಿ 30 ಮಿಲಿಗ್ರಾಂ ಆಲ್ಕೋಹಾಲ್ ದಾಟಿದರೆ ಕೇಸು, ಮೊದಲ ಸಲವೇ 10,000 ರೂಪಾಯಿ ದಂಡ, ಆರು ತಿಂಗಳವರೆಗೆ ಜೈಲೂ ಆಗಬಹುದು. ಎರಡು ಲೋಟಕ್ಕೇ ಆ ಗೆರೆ ದಾಟಬಹುದು. ದಂಡದ ಮಾತು ಬಿಡಿ, ಮಳೆ, ಮಂಜು, ರಸ್ತೆಗೆ ಬಿದ್ದ ಮರ ಇರುವ ರಾತ್ರಿಯಲ್ಲಿ ಆಗುಂಬೆ ಘಾಟಿಯಾಗಲಿ ಹುಲಿಕಲ್ ಘಾಟಿಯಾಗಲಿ ಪೂರ್ತಿ ಎಚ್ಚರ ಇದ್ದವರಿಗೇ ಕಷ್ಟ. ಹಾಗಾಗಿ ಆಟಕ್ಕೆ ಕರೆಯುವಾಗಲೇ ಉಳಿಯಲು ಕರೆಯಿರಿ. ಚಾಪೆ, ಕಂಬಳಿ ಎಷ್ಟಿದೆ ಅಂತ ಮೊದಲೇ ನೋಡಿಕೊಂಡು ಅಷ್ಟೇ ಜನರಿಗೆ ಹೇಳಿ, ಅನ್ನ ಸಾರು ಮಾಡಿಟ್ಟು ಆಮೇಲೆ ಮಣೆ ಹಾಸಿ.